ಷಡ್ಡಕನ ಕಾರ್ಡು

ನನ್ನ ಹಿರಿಯಳಿಯ ತೊಂಗ್ ಕೆಟ್ಟವನಲ್ಲ. ಕಿರಿಯಳಿಯನಿಗೆ ಏನೂ ಒಳ್ಳೆಯದಾಗದ ದಿನಗಳಲ್ಲಿ ಅವನಷ್ಟು ಒಳ್ಳೆಯ ಮನುಷ್ಯ ಇಡೀ ಕಾನ್ ಥೋ ಊರಿನಲ್ಲಿ ಸಿಗುವುದಿಲ್ಲ. ಕಷ್ಟವೇನೆಂದರೆ, ಕಿರಿಯಳಿಯ ಖಾಯನಿಗೆ ಆಗಾಗ ಒಳ್ಳೆಯದಾಗಿಬಿಡುತ್ತಿತ್ತು.

ಇಬ್ಬರ ಅಂಗಡಿಯೂ ಒಂದೇ ಗೋಡೆಯ ಆಚೆ ಈಚೆ. ನನ್ನ ಯಜಮಾನರು ಇದ್ದಾಗ ಅದು ಒಂದೇ ದೊಡ್ಡ ಕಂಪ್ಯೂಟರ್ ಆಟದ ಅಂಗಡಿ. ಅವರು ಹೋದ ಮೇಲೆ ನಡುವೆ ಗೋಡೆ ಎಬ್ಬಿಸಿ ದೊಡ್ಡ ಮಗಳು ಲಾನ್‌ಗೆ ಅರ್ಧ, ಚಿಕ್ಕವಳು ಥಾಮ್‌ಗೆ ಅರ್ಧ ಕೊಟ್ಟೆ. ಗೋಡೆ ಕಟ್ಟಿದವನು ನೆಲವನ್ನು ಸರಿಯಾಗಿಯೇ ಪಾಲು ಮಾಡಿದ. ಅಟ್ಟದ ಮೇಲಿನ ತಂತಿಗಳ ಪೆಟ್ಟಿಗೆಯನ್ನು ಮಾತ್ರ ಪಾಲು ಮಾಡಲು ಅವನಿಗೆ ಬರಲಿಲ್ಲ. ಹೊರಗಿಂದ ಬರುವ ಇಂಟರ್ನೆಟ್ ತಂತಿ ಒಂದೇ ಆದ್ದರಿಂದ ಎರಡೂ ಅಂಗಡಿಯ ತಂತಿಗಳು ಮೇಲೆ ಹೋಗಿ ಅದೇ ಪೆಟ್ಟಿಗೆಯಲ್ಲಿ ಸೇರುತ್ತಿದ್ದವು. ನಾನು ಎರಡು ಬಾಗಿಲುಗಳ ನಡುವೆ ಆ ಗೋಡೆಗೆ ಬೆನ್ನು ಕೊಟ್ಟು ಕೂತು, ಹೆಸರುಕಾಳು ತೆಂಗಿನಹಾಲು ಹಾಕಿದ ಚೆ ಪಾಯಸ ಮಾರುತ್ತೇನೆ. ಹಾಗಾಗಿ ಎರಡೂ ಕಡೆಯ ಮಾತು ನನ್ನ ಕಿವಿಗೆ ಬೀಳದೆ ಹೋಗಲು ದಾರಿಯಿಲ್ಲ.

ಷಡ್ಡಕ ಏನು ಮಾಡಿದರೂ ತೊಂಗ್ ಅದನ್ನೇ ಮಾಡಬೇಕು. ಖಾಯ್ ನೇರಳೆ ಕುರ್ಚಿ ತಂದ. ತೊಂಗ್ ತನ್ನ ಕಪ್ಪು ಕುರ್ಚಿಗಳಿಗೆ ನೇರಳೆ ಬಣ್ಣ ಬಳಿದ, ಗಿರಾಕಿಗಳ ಬೆನ್ನೆಲ್ಲ ನೇರಳೆಯಾಯಿತು. ಖಾಯ್ ನೂಡಲ್ಸಿಗೆ ಎರಡು ಮೊಟ್ಟೆ ಒಡೆದ; ತೊಂಗನೂ ಎರಡು ಮೊಟ್ಟೆ ಒಡೆದ, ಮೇಲೆ ಮೂರನೆಯದನ್ನು ಬೇಯಿಸಿ ತೋರಿಸಿ ವಾಪಸ್ ಇಟ್ಟುಕೊಂಡ. ಬಾಗಿಲ ಹತ್ತಿರ ನೆಲದ ಮೇಲೆ ಕೂರುವ ನಮ್ಮ ಡೊಳ್ಳುಹೊಟ್ಟೆಯ ಭೂಮಿದೇವರಿಗೆ ಖಾಯ್ ಬೆಳಿಗ್ಗೆ ಐಸ್ ಕಾಫಿ ಇಟ್ಟರೆ ತೊಂಗ್ ಬೆಳಿಗ್ಗೆಯೂ ಸಂಜೆಯೂ ಇಡತೊಡಗಿದ. ದೇವರಿಗೆ ಎರಡೂ ಕಡೆ ನಿದ್ದೆಯಿಲ್ಲದಂತಾಯಿತು.

ಹೀಗಿರುವಾಗ ಒಂದು ದಿನ ಎದುರುಗಡೆಯ ಕ್ಷೌರದಂಗಡಿಯ ಮೂಯ್ ಬಂದು ಖಾಯನ ಬಾಗಿಲಲ್ಲಿ ನಿಂತ.

"ಏನಯ್ಯಾ ಖಾಯ್, ಗುಂಡಿ ಒತ್ತೋದೇ ತಡ, ನಿನ್ನ ಯಂತ್ರಗಳು ಎದ್ದು ಕೂರ್ತವಲ್ಲ? ಪಕ್ಕದ್ದು ಏಳೋ ಹೊತ್ತಿಗೆ ನಾನೊಂದು ಗಡ್ಡ ಬೋಳಿಸಿ ಬರಬಹುದು."

ಖಾಯ್ ಗೋಡೆಗೆ ಕೇಳಿಸುವ ಹಾಗೆ ಹೇಳಿದ, "ಎಲ್ಲಾ ಕಾರ್ಡಿನ ಮಹಿಮೆ, ಮೂಯಣ್ಣ! ಸಿಂಗಾಪುರದ ದೊಡ್ಡ ಬ್ಯಾಂಕಿನ ಯಂತ್ರದ ಕೋಣೆಯಿಂದ ಬಂದ ಕಾರ್ಡು. ಕೋಟ್ಯಧಿಪತಿಗಳ ವ್ಯವಹಾರ ನೋಡಿ ಬೆಳೆದಿದ್ದು. ನಮ್ಮ ಹುಡುಗರ ಆಟ ಅದಕ್ಕೆ ಯಾವ ಲೆಕ್ಕ?"

ಈ ಕಾರ್ಡು ಏನೆಂದು ಹೇಳದಿದ್ದರೆ ಮುಂದಿನದು ತಿಳಿಯುವುದಿಲ್ಲ. ಇಂಥ ಅಂಗಡಿಗಳಲ್ಲಿ ಗಿರಾಕಿಗಳು ಕೂರುವ ಯಂತ್ರಗಳ ಹೊಟ್ಟೆಯಲ್ಲಿ ಏನೂ ಇರುವುದಿಲ್ಲ. ಗುಂಡಿ ಒತ್ತಿದಾಗ ಅವು ಹಿಂದಿನ ಕೋಣೆಯ ದೊಡ್ಡ ಯಂತ್ರವನ್ನು, ಅಂದರೆ ಸರ್ವರನ್ನು, ತಂತಿಯ ಮೂಲಕ ಕೇಳಿ ಎಲ್ಲವನ್ನೂ ತರಿಸಿಕೊಂಡು ಏಳುತ್ತವೆ. ಆ ಸರ್ವರಿಗೆ ತಂತಿ ಚುಚ್ಚುವ ಜಾಗದಲ್ಲಿರುವ ಹಸಿರು ಹಲಗೆಯೇ ನೆಟ್‌ವರ್ಕ್ ಕಾರ್ಡು. ಅದರೊಳಗೆ ಫರ್ಮ್‌ವೇರ್ ಎಂದು ಒಂದಷ್ಟು ಬುದ್ಧಿಯನ್ನು ಬರೆದಿಟ್ಟಿರುತ್ತಾರೆ. ಜೊತೆಗೆ ಪ್ರತಿ ಕಾರ್ಡಿಗೂ ಅದರದೇ ಒಂದು ವಿಳಾಸ. ಪ್ರಪಂಚದಲ್ಲಿ ಇನ್ನೊಂದಕ್ಕೆ ಅದಿರಬಾರದು.

ಗೋಡೆಯ ಈಚೆ ತೊಂಗ್ ಖಾಲಿ ಲೋಟವನ್ನು ಗೋಡೆಗಿಟ್ಟು ಕಿವಿ ಹಚ್ಚಿದ್ದ. ಲೋಟ ತೆಗೆದವನೇ ಒಳಗೆ ಓಡಿ ತನ್ನ ಸರ್ವರಿನ ಮುಚ್ಚಳ ತೆಗೆದ.

"ಲಾನ್! ಬಾ ಇಲ್ಲಿ! ನಂದೂ ಅಂಥದ್ದೇ ಕಾರ್ಡು! ಅದೇ ಮಾದರಿ, ಅದೇ ಹಸಿರು! ಮತ್ತೆ ಇದಕ್ಕೇನು ರೋಗ?"

ಲಾನ್ ಪಾತ್ರೆ ಉಜ್ಜುತ್ತಾ ಹೇಳಿದಳು, "ಕಾರ್ಡು ಒಂದೇ ಆದ್ರೆ ಒಳಗಿನ ಬುದ್ಧಿ ಬೇರೆ ಇರಬೇಕು ಬಿಡಿ."

ಆ ಒಂದು ಮಾತು ಅವಳು ಆಡದಿದ್ದರೆ ನನಗೆ ಇಷ್ಟು ಬರೆಯುವ ಕೆಲಸ ಇರುತ್ತಿರಲಿಲ್ಲ.

ಅದೇ ವಾರ ವಾರ್ಡು ಕಚೇರಿಯಿಂದ ಯುವಕ ಸಂಘದ ಫುಂಗಕ್ಕ ಬಂದಳು. ಅವಳು ನಕ್ಕಿದ್ದನ್ನು ನಮ್ಮ ಗಲ್ಲಿ ನೋಡಿಲ್ಲ. ಎರಡೂ ಅಂಗಡಿಯ ಮಧ್ಯೆ, ಎಂದರೆ ನನ್ನ ಪಾಯಸದ ಪಾತ್ರೆಯ ಮುಂದೆ ನಿಂತು ಘೋಷಣೆ ಮಾಡಿದಳು.

"ಶನಿವಾರ ವಾರ್ಡಿನ ಹುಡುಗರ ಆಟದ ಪಂದ್ಯ. ಬೆಳಿಗ್ಗೆ ಬಂದು ಎರಡೂ ಅಂಗಡಿ ನೋಡ್ತೀನಿ. ಯಾವುದರಲ್ಲಿ ಯಂತ್ರ ಚೆನ್ನಾಗಿ ಓಡುತ್ತೋ ಅಲ್ಲಿ ಪಂದ್ಯ. ಚೆನ್ನಾಗಿ ನಡೆಸಿದ್ರೆ ವರ್ಷದ ಎಲ್ಲಾ ಪಂದ್ಯಾನೂ ಅಲ್ಲೇ."

ಹೇಳುವಾಗ ಅವಳ ಕಣ್ಣು ಖಾಯನ ಬಾಗಿಲ ಕಡೆ ಇತ್ತು. ಎಷ್ಟು ಹೊತ್ತು ಇತ್ತು ಎಂಬುದು ತೊಂಗನಿಗೆ ಚೆನ್ನಾಗಿ ಗೊತ್ತಿತ್ತು, ಏಕೆಂದರೆ ಅವನು ಅವಳ ಕಣ್ಣನ್ನೇ ನೋಡುತ್ತಿದ್ದ. ವರ್ಷದ ಪಂದ್ಯಗಳು ಪಕ್ಕಕ್ಕೆ ಹೋದರೆ ಗಿರಾಕಿಗಳೂ ಅವುಗಳ ಹಿಂದೆಯೇ ಹೋಗುತ್ತಾರೆ, ಕೊನೆಗೆ ತಾನೊಬ್ಬನೇ ನೇರಳೆ ಬೆನ್ನಿನವನಾಗಿ ಕೂರಬೇಕಾಗುತ್ತದೆ ಎಂದು ಅವನು ಲಾನ್ ಹತ್ತಿರ ಗೋಳಾಡಿದ.

ಅವನ ಅದೃಷ್ಟಕ್ಕೆ ಖಾಯನಿಗೂ ಥಾಮ್‌ಗೂ ವಿನ್ ಲಾಂಗ್ ಊರಿನಲ್ಲಿ ಒಂದು ಮದುವೆ ಬಂತು.

"ಅಣ್ಣಾ, ಒಂದು ಹೊತ್ತು ನಮ್ಮ ಅಂಗಡಿ ಕಡೆನೂ ನೋಡ್ಕೋತೀಯಾ?" ಎಂದು ಖಾಯ್ ಬೀಗದ ಕೈ ಕೊಟ್ಟ.

"ಅಯ್ಯೋ, ನನ್ನದೇ ಅಂತ ನೋಡ್ಕೋತೀನಪ್ಪಾ," ಎಂದ ತೊಂಗ್. ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ.

ಕಾರ್ಡಿನ ಒಳಗಿದ್ದುದನ್ನು ಓದುವುದಕ್ಕೂ ಬರೆಯುವುದಕ್ಕೂ ಒಂದು ಸಣ್ಣ ಪ್ರೋಗ್ರಾಂ ಇದೆ. ಅದರಲ್ಲಿ ಚಿತ್ರವಿಲ್ಲ, ಗುಂಡಿಯಿಲ್ಲ. ಕಪ್ಪು ಪರದೆಯಲ್ಲಿ ಒಂದೊಂದೇ ಸಾಲಿನ ಆಜ್ಞೆ ಟೈಪ್ ಮಾಡಬೇಕು. ತೊಂಗ್ ಅದನ್ನು ಇಂಟರ್ನೆಟ್ಟಿನಲ್ಲಿ ಓದಿ ಓದಿ ಬಾಯಿಪಾಠ ಮಾಡಿದ್ದ. ಖಾಯನ ಸರ್ವರಿನ ಮುಂದೆ ಕೂತು ಒಂದು ಸಾಲು ಟೈಪ್ ಮಾಡಿದ. ಷಡ್ಡಕನ ಕಾರ್ಡಿನ ಬುದ್ಧಿಯೆಲ್ಲ ಪೆನ್ ಡ್ರೈವಿಗೆ ಇಳಿಯಿತು. ಸ್ಕ್ರೂ ಬಿಚ್ಚಲಿಲ್ಲ, ಏನೂ ಕಾಣೆಯಾಗಲಿಲ್ಲ. ಹೋಗುವಾಗ ಖಾಯನ ಭೂಮಿದೇವರ ಮುಂದಿದ್ದ ಕಾಫಿಯನ್ನು ಕೂಡ ಬದಲಾಯಿಸಿ ಹೋದ, ಅಷ್ಟು ಮರ್ಯಾದಸ್ಥ.

ಮರುದಿನ ಬೆಳಿಗ್ಗೆ ಅಂಗಡಿ ತೆರೆಯುವ ಮೊದಲು ತನ್ನ ಕಾರ್ಡಿಗೆ ಬರೆಯುವ ಕೆಲಸ. ಬರೆಯುವಾಗ ಕರೆಂಟು ಹೋದರೆ ಕಾರ್ಡು ಅಲ್ಲೇ ಸಾಯುತ್ತದೆ ಎಂದು ಅವನು ಓದಿದ್ದ. ಆದ್ದರಿಂದ ಒಂದು ಬ್ಯಾಟರಿ ಪೆಟ್ಟಿಗೆ ತಂದ. ಅದೇ ಕೈಕೊಟ್ಟರೆ ಎಂದು ಪಕ್ಕದಲ್ಲಿ ಇನ್ನೊಂದು ಇಟ್ಟ. ಮೇನ್ ಸ್ವಿಚ್ಚಿಗೆ ಕೆಂಪು ದಾರ ಸುತ್ತಿದ. ಲಾನ್‌ಗೆ ಅನ್ನದ ಕುಕ್ಕರ್ ಹಾಕಬೇಡ ಎಂದ. ಎದುರಿನ ಮೂಯ್‌ಗೆ ಕೂದಲು ಕತ್ತರಿಸುವ ಯಂತ್ರ ಆರಿಸು ಎಂದ. ಅರ್ಧ ತಲೆಯಾಗಿದ್ದ ಗಿರಾಕಿಯೊಬ್ಬ ಬಿಳಿಬಟ್ಟೆ ಹೊದ್ದುಕೊಂಡೇ ಬಂದು ನಮ್ಮ ಬಾಗಿಲಲ್ಲಿ ನಿಂತ.

ನನ್ನನ್ನು ಪ್ಲಗ್ಗಿನ ಪಕ್ಕ ಸ್ಟೂಲ್ ಹಾಕಿ ಕೂರಿಸಿದ.

"ಅಮ್ಮಾ, ಯಾರಾದ್ರೂ ಈ ಪ್ಲಗ್ ಹತ್ರ ಬಂದ್ರೆ ಸೌಟಲ್ಲಿ ಬಾರಿಸಿ."

"ನೀನೇ ಬಂದ್ರೆ?"

"ನಂಗೂ ಬಾರಿಸಿ."

ಮೊದಲ ಆಜ್ಞೆಗೆ ಕಾರ್ಡು ತನ್ನ ಹೆಸರು ಮಾದರಿ ಎಲ್ಲ ಹೇಳಿತು. ಎರಡನೆಯದಕ್ಕೆ ತನ್ನ ಹಳೆಯ ಬುದ್ಧಿಯನ್ನು ಪೆನ್ ಡ್ರೈವಿಗೆ ನಕಲು ಮಾಡಿ ಕೊಟ್ಟಿತು. ಏನಾದರೂ ಕೆಟ್ಟರೆ ಅದನ್ನೇ ವಾಪಸ್ ಬರೆಯಬಹುದು. ಆ ನಕಲು ಸರಿಯಿದೆಯೇ ಎಂದು ಮೂರನೆಯದರಲ್ಲಿ ನೋಡಿದ. ಮೂರು ಸಾರಿ ನೋಡಿದ. ಇಷ್ಟು ಸುರಕ್ಷಿತವಾಗಿ ಅವನು ಮದುವೆ ಕೂಡ ಆಗಿರಲಿಲ್ಲ. ಆಮೇಲೆ ಬರೆಯುವ ಆಜ್ಞೆ ಕೊಟ್ಟ. ಪರದೆ ನಿಂತು ಏನೋ ಕೇಳಿತು. ಲಾನ್‌ಗೆ ಇಂಗ್ಲಿಷ್ ಸ್ವಲ್ಪ ಬರುತ್ತದೆ, ಬಗ್ಗಿ ಓದಿದಳು.

"ಈ ಕಾರ್ಡಿಗೆ ಅದರದೇ ವಿಳಾಸ ಇದೆಯಂತೆ. ಬರೆಯೋ ಫೈಲಲ್ಲಿ ಬೇರೆ ವಿಳಾಸ ಇದೆಯಂತೆ. ಕಾರ್ಡಿಂದು ಉಳಿಸಲೋ, ಫೈಲಿಂದು ಹಾಕಲೋ ಅಂತ ಕೇಳ್ತಿದೆ ರೀ."

"ಕಾರ್ಡಿಂದು ಅಂದ್ರೆ?"

"ನಮ್ಮದು."

"ಫೈಲಿಂದು ಅಂದ್ರೆ?"

"ಖಾಯ್‌ದು."

"ಅವನದ್ದು ಯಾಕೆ ಬಿಡಬೇಕು? ಇಷ್ಟು ಕಷ್ಟಪಟ್ಟು ತಂದಿದೀನಿ, ಇರೋದೆಲ್ಲಾ ಬರಲಿ."

"ಪಕ್ಕದಲ್ಲಿ ಎಚ್ಚರಿಕೆ ಅಂತ ಬರೆದಿದಾರೆ ರೀ!"

"ಒಳ್ಳೇದನ್ನ ಎಲ್ಲರೂ ತಗೊಂಡು ಹೋಗ್ತಾರೆ ಅಂತ ಹಾಗೆ ಹೆದರಿಸ್ತಾರೆ. ನೀನು ಸುಮ್ನಿರು."

ಒತ್ತಿದ. ಪರದೆಯ ಮೇಲೆ ಚುಕ್ಕಿಗಳು ಒಂದರ ಹಿಂದೆ ಒಂದು ಹೊರಟವು. ಅರ್ಧ ತಲೆಯ ಗಿರಾಕಿ ಉಳಿದರ್ಧವನ್ನು ಕೈಯಲ್ಲಿ ಹಿಡಿದುಕೊಂಡಿದ್ದ. ಕೊನೆಗೆ "ಮುಗಿಯಿತು" ಎಂದು ಬಂದಾಗ ಜೋರಾಗಿ ಚಪ್ಪಾಳೆ ತಟ್ಟಿದವನೂ ಅವನೇ.

ಅಂಗಡಿ ತೆರೆಯಿತು. ತೊಂಗನ ಯಂತ್ರಗಳು ಎದ್ದವು. ಮೊದಲಿನಷ್ಟೇ ನಿಧಾನವಾಗಿ ಎದ್ದವು. "ಹೊಸ ಬುದ್ಧಿ, ಜಾಗ ಪರಿಚಯ ಆಗ್ಬೇಕು," ಎಂದು ಅವನು ಸಮಾಧಾನ ಹೇಳುತ್ತಿರುವಾಗಲೇ ಗೋಡೆಯಾಚೆ ಗದ್ದಲವೆದ್ದಿತು.

"ಖಾಯಣ್ಣಾ, ನಿಂತೋಯ್ತು! ಗುಂಡು ಹಾರಿಸ್ತಿದ್ದೆ, ಗುಂಡು ಅಲ್ಲೇ ಗಾಳೀಲಿ ನಿಂತಿದೆ!"

ಗಿರಾಕಿಗಳು ನೂಡಲ್ಸಿನ ಬಟ್ಟಲು ಹಿಡಿದುಕೊಂಡು ನನ್ನನ್ನು ದಾಟಿ ತೊಂಗನ ಅಂಗಡಿಗೆ ಓಡಿದರು. ತೊಂಗ್ ಎದೆಯುಬ್ಬಿಸಿ ಕುರ್ಚಿ ಒರೆಸಿದ. ಅವರು ಕೂತು ಎರಡು ತುತ್ತು ತಿನ್ನುವಷ್ಟರಲ್ಲಿ ಇಲ್ಲಿ ಎಲ್ಲವೂ ನಿಂತು, ಅಲ್ಲಿ ಓಡತೊಡಗಿತು. ಬಟ್ಟಲುಗಳು ಮತ್ತೆ ಆ ಕಡೆಗೆ ಓಡಿದವು. ಇಡೀ ದಿನ ಹೀಗೇ. ಮಧ್ಯಾಹ್ನದ ಹೊತ್ತಿಗೆ ಕೆಲವರು ಬುದ್ಧಿವಂತರಾಗಿ, ಓಡುವುದು ಬಿಟ್ಟು ನನ್ನ ಸ್ಟೂಲುಗಳ ಮೇಲೆ ಕೂತು ಯಾವ ಕಡೆ ಕೂಗು ಏಳುತ್ತದೆಂದು ಕಾಯತೊಡಗಿದರು. ಆ ವಾರ ಪಾಯಸ ಮಾತ್ರ ಚೆನ್ನಾಗಿ ಖರ್ಚಾಯಿತು.

ಗಲ್ಲಿಯಲ್ಲಿ ಪ್ರತಿಯೊಬ್ಬರಿಗೂ ಒಂದೊಂದು ಕಾರಣ ಗೊತ್ತಿತ್ತು. ಥಾಮ್ ಅಳುತ್ತಾ ನನ್ನ ಹತ್ತಿರ ಬಂದಳು.

"ಅಮ್ಮಾ, ಇದು ಅಪ್ಪಂದೇ ಕೆಲಸ. ಗೋಡೆ ಕಟ್ಟಿದ್ದು ಅವರಿಗೆ ಇಷ್ಟ ಆಗಿಲ್ಲ. ಒಂದು ಸಾರಿ ಈ ಮಗಳ ಮನೆ, ಒಂದು ಸಾರಿ ಆ ಮಗಳ ಮನೆ ಅಂತ ಓಡಾಡ್ತಿದಾರೆ."

"ನಿಮ್ಮಪ್ಪ ಬದುಕಿದ್ದಾಗ ತೂಗುಮಂಚ ಬಿಟ್ಟು ಇಳಿದೋರಲ್ಲ. ಈಗ ಓಡಾಡ್ತಾರಾ?" ಎಂದೆ.

ಮೂಯ್ ಹೇಳಿದ, ಬೆಳಿಗ್ಗೆ ಮೊದಲು ಬಂದ ಗಿರಾಕಿಯ ಕಣ್ಣು ಸರಿಯಿಲ್ಲ ಎಂದು. ಸರಿ, ಖಾಯ್ ಬಾಗಿಲಲ್ಲಿ ಕಾಗದ ಸುಟ್ಟು ದೃಷ್ಟಿ ತೆಗೆದ. ಅದನ್ನು ನೋಡಿ ತೊಂಗ್ ಎರಡರಷ್ಟು ಕಾಗದ ಸುಟ್ಟ. ಹೊಗೆಗೆ ಎರಡೂ ಕಡೆಯ ಗಿರಾಕಿಗಳು ಬೀದಿಗೆ ಬಂದರು. ತಂತಿ ಕಂಪನಿಯವನು ಬಂದು ನೋಡಿ, ಹೊರಗಿನ ತಂತಿ ಸರಿಯಿದೆ, ಒಳಗಿನದು ನಿಮ್ಮ ಸಂಸಾರ ಎಂದು ಹೇಳಿ, ಪಾಯಸ ಕುಡಿದು ಹೋದ.

ನಿಜ ಗೊತ್ತಾದದ್ದು ತೊಂಗನಿಗೇ. ಅವನು ಇಂಟರ್ನೆಟ್ಟಿನಲ್ಲಿ ತಿಳಿದವರನ್ನು ಕೇಳಿ ಉತ್ತರ ತಂದು ಲಾನ್ ಮುಂದೆ ಪಿಸುಗುಟ್ಟಿದ. ಅವನ ಪಿಸುಮಾತು ನನ್ನ ಬೆನ್ನಿನ ಗೋಡೆಯಲ್ಲಿ ಹಾದು ಬರುತ್ತದೆ.

"ಒಂದೇ ವಿಳಾಸದ ಇಬ್ಬರು ಇದ್ರೆ ಅಂಚೆಯವನು ಏನ್ ಮಾಡ್ತಾನೆ? ಕೊನೇಲಿ ಯಾರು ಕೂಗಿದ್ರೋ ಅವರ ಮನೆಗೇ ಇಬ್ಬರ ಕಾಗದಾನೂ ಹಾಕ್ತಾನೆ. ಅಟ್ಟದ ಪೆಟ್ಟಿಗೆನೂ ಅದನ್ನೇ ಮಾಡ್ತಿದೆ. ನಮ್ಮ ಸರ್ವರು ಕೂಗಿದಾಗ ಎಲ್ಲಾ ನಮಗೆ ಬರುತ್ತೆ, ಅವನದು ಒಣಗುತ್ತೆ. ಅವನದು ಕೂಗಿದ್ರೆ ನಮ್ಮದು ಒಣಗುತ್ತೆ."

"ಅಷ್ಟೇನಾ? ಹಳೇದನ್ನ ತೆಗೆದಿಟ್ಟಿದೀರಲ್ಲ, ವಾಪಸ್ ಬರೆದುಬಿಡಿ!"

ತೊಂಗ್ ಪಿಸುಮಾತನ್ನು ಇನ್ನೂ ತಗ್ಗಿಸಿದ.

"ನೋಡು ಲಾನ್. ಈಗ ನಮ್ಮದು ಅರ್ಧ ಹೊತ್ತು ಓಡುತ್ತೆ. ಅವನದೂ ಅರ್ಧ ಹೊತ್ತೇ ಓಡುತ್ತೆ. ಮೊದಲು ಅವನದು ಪೂರ್ತಿ ಓಡ್ತಿತ್ತು."

"ನಮ್ಮದೂ ಪೂರ್ತಿ ಓಡ್ತಿತ್ತು!"

"ಅದು ಬೇರೆ ವಿಷಯ."

ಲಾನ್ ಸೊಪ್ಪಿನ ಬುಟ್ಟಿಯನ್ನು ಧಡಾರನೆ ಇಟ್ಟ ಸದ್ದು ಕೇಳಿತು.

"ಶನಿವಾರ ಒಂದಿನ ತಡ್ಕೋ," ಎಂದ ತೊಂಗ್. "ನನ್ನ ಸರ್ವರು ಉಸಿರು ಬಿಡದೆ ಕೂಗ್ತಾ ಇರೋ ಹಾಗೆ ಒಂದು ಆಜ್ಞೆ ಇದೆ. ಅದು ಕೂಗ್ತಾ ಇರೋವರೆಗೂ ಪೆಟ್ಟಿಗೆ ಈ ಕಡೆನೇ ತಿರುಗಿರುತ್ತೆ. ಪಂದ್ಯ ನಮ್ಮದು. ಪಂದ್ಯ ಗೆದ್ದ ಮೇಲೆ ಹಳೇದನ್ನ ಬರೀತೀನಿ."

ಶನಿವಾರ ಫುಂಗಕ್ಕ ಬಂದಳು. ಹಿಂದೆ ಆಟಗಾರ ಹುಡುಗರು, ಅವರ ಹಿಂದೆ ಹುಡುಗರ ಅಮ್ಮಂದಿರು, ಎಲ್ಲರಿಗೂ ಹಿಂದೆ ಕೆಲಸವಿಲ್ಲದ ಇಡೀ ಗಲ್ಲಿ. ತೊಂಗನ ಸರ್ವರು ಬೆಳಿಗ್ಗೆಯಿಂದಲೇ ಕೂಗುತ್ತಿತ್ತು. ಅವನ ಯಂತ್ರಗಳು ನಿಧಾನವಾಗಿ ಎದ್ದರೂ ಎದ್ದು ನಿಂತವು. ಖಾಯನ ಅಂಗಡಿಯಲ್ಲಿ ಪರದೆಗಳೆಲ್ಲ ಕಪ್ಪಗೆ ಕಣ್ಣುಬಿಟ್ಟುಕೊಂಡು ಕೂತಿದ್ದವು.

"ಏನಪ್ಪಾ ಖಾಯ್, ಸಿಂಗಾಪುರದ ಬ್ಯಾಂಕಿಗೆ ಇವತ್ತು ರಜವಾ?" ಎಂದ ಮೂಯ್.

ಈಗ ಖಾಯ್ ಜಗಳ ತೆಗೆಯುತ್ತಾನೆ, ಬೆವರುತ್ತಾನೆ, ಫುಂಗಕ್ಕನ ಕಾಲು ಹಿಡಿಯುತ್ತಾನೆ ಎಂದು ತೊಂಗ್ ಕಣ್ಣರಳಿಸಿ ಕಾದ. ಖಾಯ್ ಎರಡೂ ಕೈ ಒರೆಸಿಕೊಂಡು ನಕ್ಕ.

"ನಮ್ಮದಕ್ಕೆ ಏನೋ ಕಾಯಿಲೆ ಫುಂಗಕ್ಕ. ಅಣ್ಣನ ಅಂಗಡೀಲೇ ನಡೀಲಿ. ಅಣ್ಣ ಬೇರೆ ನಾನು ಬೇರೆನಾ? ನನ್ನ ಸರ್ವರು ಆರಿಸಿಬಿಡ್ತೀನಿ, ಅಟ್ಟದ ಪೆಟ್ಟಿಗೆ ಒಂದೇ ಅಲ್ವಾ, ಅಣ್ಣನಿಗೆ ತೊಂದರೆ ಆಗೋದು ಬೇಡ. ಏ ಥಾಮ್, ಕುರ್ಚಿ ಎಲ್ಲಾ ಆ ಕಡೆ ಹಾಕು. ಅವರ ಕುರ್ಚಿ ಬಣ್ಣ ಹತ್ತುತ್ತೆ, ಪಾಪ, ಹುಡುಗರ ಬಟ್ಟೆ ಹಾಳಾಗುತ್ತೆ. ಮೊಟ್ಟೆನೂ ಕೊಡು."

ಗಲ್ಲಿಯವರೆಲ್ಲ "ಅಬ್ಬಾ!" ಎಂದರು.

ಪಂದ್ಯ ಚೆನ್ನಾಗಿ ನಡೆಯಿತು. ತೊಂಗ್ ಬಯಸಿದ್ದೆಲ್ಲ ಅವನ ಅಂಗಡಿಯೊಳಗೇ ಇತ್ತು: ಖಾಯನ ಗಿರಾಕಿಗಳು, ಖಾಯನ ಕುರ್ಚಿಗಳು, ಖಾಯನ ಮೊಟ್ಟೆ, ಖಾಯನ ಕಾರ್ಡಿನ ಬುದ್ಧಿ. ಆದರೆ ಬಾಯಿಗಳಲ್ಲಿ ಮಾತ್ರ ತೊಂಗನ ಹೆಸರಿರಲಿಲ್ಲ.

"ಎಂಥಾ ದೊಡ್ಡ ಮನಸ್ಸು ಆ ಖಾಯ್‌ದು," ಎಂದಳು ಒಬ್ಬ ತಾಯಿ ನೂಡಲ್ಸ್ ಹೀರುತ್ತಾ.

"ನಮ್ಮ ಷಡ್ಡಕನೂ ಇದಾನೆ, ಒಂದು ಛತ್ರಿ ಕೊಟ್ಟೋನಲ್ಲ," ಎಂದ ಇನ್ನೊಬ್ಬ.

"ಕುರ್ಚಿ ಬೇರೆ ಕೊಟ್ಟ ಕಣ್ರೀ!"

ತೊಂಗ್ ಐಸ್ ಚಹಾ ಹಂಚುತ್ತಾ ಓಡಾಡುತ್ತಿದ್ದ. ಪ್ರತಿ ಮೇಜಿನಲ್ಲೂ ಅವನ ಮುಖ ಒಂದಿಷ್ಟು ಕಪ್ಪಾಗುತ್ತಾ ಹೋಯಿತು. ಪಂದ್ಯ ಮುಗಿದು ಗೆದ್ದ ಹುಡುಗರಿಗೆ ಹೂಗುಚ್ಛ ಕೊಟ್ಟ ಮೇಲೆ ಫುಂಗಕ್ಕ ಭಾಷಣಕ್ಕೆ ನಿಂತಳು.

"ವರ್ಷದ ಪಂದ್ಯಗಳು ಇನ್ನು ಇದೇ ಅಂಗಡೀಲಿ," ಎಂದಳು. ತೊಂಗನ ಮುಖ ಅರಳಿತು. "ಆದರೆ ಇವತ್ತಿನ ನಿಜವಾದ ವೀರ ಖಾಯ್. ತನ್ನ ಅಂಗಡಿ ಮುಚ್ಚಿ ಅಣ್ಣನ ಅಂಗಡಿ ಬೆಳಗಿಸಿದ. ವಾರ್ಡಿನ ಗೋಡೆ ಮೇಲೆ ಇವನ ಫೋಟೋ ಹಾಕಿಸ್ತೀನಿ." ಹೇಳಿ, ಅವಳು ನಕ್ಕಳು. ನಮ್ಮ ಗಲ್ಲಿ ಮೊದಲ ಸಲ ಫುಂಗಕ್ಕನ ಹಲ್ಲು ನೋಡಿತು. ಚಪ್ಪಾಳೆ ನಿಲ್ಲಲೇ ಇಲ್ಲ.

ಅದನ್ನು ತೊಂಗನಿಗೆ ತಡೆಯಲಾಗಲಿಲ್ಲ. ಚಹಾದ ತಟ್ಟೆಯನ್ನು ನೆಲಕ್ಕಿಟ್ಟು ಕೂಗಿದ.

"ಏನ್ ವೀರ? ಯಾವ ವೀರ? ಅವನು ದೊಡ್ಡವನಾಗಿದ್ದು ಯಾರಿಂದ? ಅವನ ಕಾರ್ಡಿನ ವಿಳಾಸ ಕದ್ದು ನನ್ನ ಕಾರ್ಡಿಗೆ ಬರೆದೋನು ನಾನು! ನಾನು ಬರೆದಿದ್ದಕ್ಕೇ ಅವನ ಯಂತ್ರ ನಿಂತಿದ್ದು. ನಿಂತಿದ್ದಕ್ಕೇ ಅವನಿಗೆ ತ್ಯಾಗ ಮಾಡೋಕೆ ಅವಕಾಶ ಸಿಕ್ಕಿದ್ದು. ನಾನಿಲ್ದೇ ಇದ್ರೆ ಎಲ್ಲಿಂದ ಬರ್ತಿತ್ತು ತ್ಯಾಗ? ಫೋಟೋದಲ್ಲಿ ಅರ್ಧ ನಂದು!"

ಲಾನ್ ಸೆರಗಿಲ್ಲದ ಕಾರಣ ಟೋಪಿಯಲ್ಲಿ ಮುಖ ಮುಚ್ಚಿಕೊಂಡಳು. ಆಗ ಮೂಯ್ ನಿಧಾನವಾಗಿ ಹೇಳಿದ, "ಏನೇ ಹೇಳಿ, ಇಷ್ಟು ಜನರೆದುರು ತಪ್ಪು ಒಪ್ಕೊಳ್ಳೋಕೆ ಗುಂಡಿಗೆ ಬೇಕು."

"ಹೌದು ಹೌದು," ಎಂದರು ಅಮ್ಮಂದಿರು. ಯಾರೋ ಚಪ್ಪಾಳೆ ಶುರು ಮಾಡಿದರು. ಚಪ್ಪಾಳೆ ತೊಂಗನ ಕಡೆಗೆ ತಿರುಗಿತು.

ನಾನು ಖಾಯನ ಮುಖ ನೋಡುತ್ತಿದ್ದೆ. ಕುರ್ಚಿ ಕೊಟ್ಟಾಗಲೂ ಮಾಸದ ನಗು ಈಗ ಮಾಸಿತು.

"ಅದೇನು ಮಹಾ ಗುಂಡಿಗೆ?" ಎಂದು ಅವನು ಮುಂದೆ ಬಂದ. "ನಾನೂ ಒಪ್ಕೋತೀನಿ! ಸಿಂಗಾಪುರವೂ ಇಲ್ಲ, ಬ್ಯಾಂಕೂ ಇಲ್ಲ. ನನ್ನ ಕಾರ್ಡು ಸೈಗಾನಿನ ಹಳೇ ಸಾಮಾನಿನ ಸಂತೇಲಿ ಅಣ್ಣ ತಗೊಂಡ ಅದೇ ಗೋಣಿಚೀಲದಿಂದ ತಗೊಂಡಿದ್ದು. ನನ್ನ ಯಂತ್ರಗಳು ಬೇಗ ಏಳೋದೂ ಸುಳ್ಳು. ಅವು ಮಲಗೋದೇ ಇಲ್ಲ! ಪರದೆ ಮಾತ್ರ ಆರಿಸಿ ಇಟ್ಟಿರ್ತೀನಿ. ಅಮ್ಮ ದಿನಾ ಮೊದಲ ಬಟ್ಟಲು ಪಾಯಸ ಅಣ್ಣನಿಗೇ ಕೊಡ್ತಾರಲ್ಲ, ಅದನ್ನ ನೋಡಿ ನೋಡಿ ಹೊಟ್ಟೆ ಉರಿದು ಆ ಬ್ಯಾಂಕಿನ ಕತೆ ಕಟ್ಟಿದೆ!"

ತೊಂಗ್ ದಿಗ್ಭ್ರಾಂತನಾಗಿ ನಿಂತ. "ನಿಂಗೆ... ನನ್ನ ಮೇಲೆ ಹೊಟ್ಟೆಯುರಿನಾ?" ಎಂದ. ಅವನ ಕಣ್ಣಲ್ಲಿ ನೀರು. ಅಷ್ಟ್ಯಾಕೆ, ತನ್ನ ಮದುವೆಯ ದಿನವೂ ಅವನ ಮುಖದಲ್ಲಿ ಅಂಥ ಸಂತೋಷ ನಾನು ನೋಡಿರಲಿಲ್ಲ.

ಫುಂಗಕ್ಕನ ಹಲ್ಲು ಆಗಲೇ ಒಳಗೆ ಹೋಗಿತ್ತು.

"ಒಬ್ಬ ಕಳ್ಳ, ಒಬ್ಬ ಸುಳ್ಳ. ಫೋಟೋನೂ ಇಲ್ಲ, ಪಂದ್ಯಾನೂ ಇಲ್ಲ," ಎಂದಳು. "ವರ್ಷದ ಪಂದ್ಯ ಎಲ್ಲಾ ವಾರ್ಡು ಕಚೇರಿಯ ಓದುಕೋಣೇಲಿ ನಡೆಯುತ್ತೆ. ಅಲ್ಲೂ ಕಂಪ್ಯೂಟರುಗಳಿವೆ. ಮೊದಲು ಆ ಹಳೇ ಬುದ್ಧಿ ವಾಪಸ್ ಬರೀರಿ, ನನ್ನ ಕಣ್ಣೆದುರಿಗೆ."

ಬರೆದರು. ಈ ಸಲ ಫೈಲಿನಲ್ಲಿದ್ದ ತಮ್ಮದೇ ಹಳೆಯ ವಿಳಾಸ ಹಾಕು ಎಂದು ಲಾನ್ ತಾನೇ ಒತ್ತಿದಳು, ಗಂಡನ ಕೈಯನ್ನು ಇನ್ನೊಂದು ಕೈಯಲ್ಲಿ ಹಿಡಿದುಕೊಂಡು. ಎರಡೂ ಅಂಗಡಿ ಒಟ್ಟಿಗೆ ಓಡತೊಡಗಿದವು, ಆದರೆ ನೋಡಲು ಯಾರೂ ಇರಲಿಲ್ಲ. ಹುಡುಗರು, ಅಮ್ಮಂದಿರು, ಮೂಯ್, ಎಲ್ಲರೂ ಫುಂಗಕ್ಕನ ಹಿಂದೆ ಓದುಕೋಣೆ ಹೇಗಿದೆ ನೋಡೋಣ ಎಂದು ಹೊರಟುಹೋಗಿದ್ದರು.

ಅಳಿಯಂದಿರಿಬ್ಬರೂ ಬಂದು ನನ್ನ ಸ್ಟೂಲುಗಳ ಮೇಲೆ ಅಕ್ಕಪಕ್ಕ ಕೂತರು. ಗೋಡೆ ಕಟ್ಟಿದ ಮೇಲೆ ಹಾಗೆ ಕೂತದ್ದು ಅದೇ ಮೊದಲು. ಮೊದಲ ಬಟ್ಟಲು ಯಾರಿಗೆಂದು ತೋಚದೆ ನಾನೇ ಕುಡಿದೆ. ಇಬ್ಬರೂ ಖಾಲಿ ಗಲ್ಲಿಯ ಕೊನೆಯವರೆಗೂ ಕಣ್ಣು ಹಾಯಿಸಿದರು.

"ಅಣ್ಣಾ," ಎಂದ ಖಾಯ್ ಕೊನೆಗೆ, ದನಿ ತಗ್ಗಿಸಿ. "ಆ ಓದುಕೋಣೇಲಿರೋದು ಯಾವ ಕಾರ್ಡು?"

"ಯಾವುದೋ ಏನೋ," ಎಂದ ತೊಂಗ್, ಸ್ಟೂಲನ್ನು ಅವನ ಹತ್ತಿರ ಎಳೆದುಕೊಂಡು. "ಆದ್ರೆ ಅಲ್ಲಿ ಕಾವಲು ಕೂರೋನು ಊಟ ಆದ ಮೇಲೆ ಒಂದು ನಿದ್ದೆ ಹೊಡೀತಾನೆ."